ಕೈಗಡಿಯಾರ ಸಹಿತ ಒಂದು ನಿಮಿಷ

ಸ್ಟುಡಿಯೋ,
ಮಾರ್ಚ್ ೧೯, ಭಾನುವಾರ

ಪ್ರೀತಿಯ ಪಿಳಿಪಿಳಿ,

ಹೀಗೆ ಕರೆಯುವ ಹಕ್ಕು ನನಗಿನ್ನೂ ಇದೆಯೋ ಇಲ್ಲವೋ ಗೊತ್ತಿಲ್ಲ. ನೀನು ಕಳಿಸಿದ ಒಪ್ಪಿಗೆ ಪತ್ರದಲ್ಲಿ ನನ್ನನ್ನು ‘ಮಾನ್ಯರೇ’ ಎಂದಿದ್ದೀಯ. ಹದಿಮೂರು ವರ್ಷ ಒಂದೇ ಹೊದಿಕೆಗೆ ಎಳೆದಾಡಿದ ಗಂಡ ಮಾನ್ಯನಾಗಬೇಕಾದರೆ ಹತ್ತೊಂಬತ್ತು ವರ್ಷ ಬೇರೆ ಇರಬೇಕಾಯಿತು ನೋಡು. ನಾನೂ ಹಟಕ್ಕೆ ಬಿದ್ದು ‘ಮಾನ್ಯ ನಿರ್ದೇಶಕರೇ’ ಎಂದೇ ಶುರುಮಾಡಿದ್ದೆ. ಎರಡು ಹಾಳೆ ಹರಿದು ಹಾಕಿದ ಮೇಲೆ ಕೈ ತಾನಾಗಿ ಪಿಳಿಪಿಳಿ ಎಂದು ಬರೆಯಿತು. ಇರಲಿ ಎಂದು ಬಿಟ್ಟೆ.

ನಿನ್ನ ಲಕೋಟೆ ಬಂದಾಗ ಸ್ಟೂಲಿನ ಮೇಲೆ ಗಿರಾಕಿ ಕೂತಿದ್ದರು. ಪಾಸ್‌ಪೋರ್ಟ್ ಫೋಟೋ. ಗಲ್ಲ ಸ್ವಲ್ಪ ಮೇಲೆ, ನಗಬೇಡಿ, ಅಂತ ಹೇಳುತ್ತಲೇ ಇನ್ನೊಂದು ಕೈಯಲ್ಲಿ ಲಕೋಟೆ ಹರಿದೆ. ಆ ಗಿರಾಕಿಯ ಹಣೆ ಅರ್ಧಕ್ಕೆ ಕತ್ತರಿಸಿ ಹೋಯಿತು. ನಲವತ್ತು ವರ್ಷದ ಕಸುಬಿನಲ್ಲಿ ಮೊದಲ ಸಲ. ಅವರಿಗೆ ಕ್ಷಮೆ ಕೇಳಿ ಇನ್ನೊಂದು ಫೋಟೋ ತೆಗೆದು ಕಳಿಸಿ, ಬಾಗಿಲಿಗೆ ‘ಈಗ ಬರುತ್ತೇನೆ’ ಬೋರ್ಡು ಹಾಕಿ, ಕೂತು ಓದಿದೆ.

‘ಚಿತ್ರದಲ್ಲಿ ಬಳಸಿರುವ ನಿಮ್ಮ ಭಾಗಗಳು. ಒಂದು: ಲಿಫ್ಟಿನ ಯಂತ್ರದ ಕೋಣೆ, ಒಂದು ನಿಮಿಷ, ಉಸಿರಾಟದ ಸದ್ದು ಸಹಿತ. ಎರಡು: ಕಿವುಡ ಮಕ್ಕಳ ಶಾಲೆಯ ಆಟದ ಕೋಣೆ, ಒಂದು ನಿಮಿಷ, ಉಸಿರಾಟ ಮತ್ತು ಒಂದು ಸೀನು ಸಹಿತ. ಮೂರು: ಬೈಂಡಿಂಗ್ ಅಂಗಡಿ, ಒಂದು ನಿಮಿಷ, ಕೈಗಡಿಯಾರ ಸಹಿತ. ಇವುಗಳ ಬಳಕೆಗೆ ನನ್ನ ಪೂರ್ಣ ಒಪ್ಪಿಗೆ ಇದೆ.’ ಕೆಳಗೆ ಸಹಿಗೆ ಒಂದು ಗೆರೆ, ದಿನಾಂಕಕ್ಕೆ ಒಂದು ಗೆರೆ.

ಉಸಿರಿಗೆ ಒಪ್ಪಿಗೆ ಕೇಳುವವಳು ಈ ಜಗತ್ತಿನಲ್ಲಿ ನೀನೊಬ್ಬಳೇ ಇರಬೇಕು! ಮೂರನೆಯ ಸಾಲಿನ ಬಗ್ಗೆ ಈಗಲೇ ಹೇಳಿಬಿಡುತ್ತೇನೆ: ಅವತ್ತು ಗಡಿಯಾರ ಬಿಚ್ಚಲು ಮರೆತಿದ್ದೆ. ಅಷ್ಟೇ. ಆಗಲೂ ಅದನ್ನೇ ಹೇಳಿದ್ದೆ, ಈಗಲೂ ಅದನ್ನೇ ಹೇಳುತ್ತಿದ್ದೇನೆ.

ಕಳೆದ ವಾರದ ಪತ್ರಿಕೆಯಲ್ಲಿ ನಿನ್ನ ಮೇಲೆ ಅರ್ಧ ಪುಟ ಬಂದಿತ್ತು. ಬಹುಮುಖ ಪ್ರತಿಭೆಯ ಸಾಕ್ಷ್ಯಚಿತ್ರಗಾರ್ತಿ, ಇದು ಕೊನೆಯ ಚಿತ್ರ ಎಂದು ಘೋಷಣೆ, ಮೂವತ್ತು ವರ್ಷ, ಹದಿನಾಲ್ಕು ಚಿತ್ರ, ಒಂದರಂತೆ ಇನ್ನೊಂದಿಲ್ಲ, ಕ್ಯಾಮೆರಾ ಹಿಡಿದವಳೂ ಅವಳೇ, ಕತ್ತರಿಸಿ ಜೋಡಿಸಿದವಳೂ ಅವಳೇ, ಹಿನ್ನೆಲೆಯ ದನಿಯೂ ಅವಳದೇ. ಬಹುಮುಖವಂತೆ! ಹದಿಮೂರು ವರ್ಷ ಜೊತೆಗಿದ್ದ ನಾನು ಕಂಡದ್ದು ಒಂದೇ ಮುಖ, ಅದೂ ಕ್ಯಾಮೆರಾದ ಹಿಂದೆ ಅರ್ಧ ಮುಚ್ಚಿಹೋದದ್ದು. ಆ ಪತ್ರಿಕೆಯವರು ನನ್ನನ್ನು ಕೇಳಿದ್ದರೆ ಇನ್ನೂ ಒಂದೆರಡು ಮುಖ ಸೇರಿಸುತ್ತಿದ್ದೆ. ಹಾಲು ಉಕ್ಕುತ್ತಿರುವಾಗ ಉಕ್ಕುವುದನ್ನೇ ನೋಡುತ್ತ ನಿಂತು ಒಲೆ ಆರಿಸಲು ಮರೆಯುವ ಮುಖ, ಮಗಳ ಶಾಲೆಯ ಸಭೆಗೆ ಬಂದು ಹೆಡ್‌ಮಾಸ್ಟರ ಮೇಜಿನ ಮೇಲೆ ಬಿದ್ದ ಬೆಳಕನ್ನು ನೋಡುತ್ತ ಕೂತ ಮುಖ. ಯಾರೂ ಕೇಳಲಿಲ್ಲ. ಫೋಟೋ ಕೆಳಗೆ ಫೋಟೋ ತೆಗೆದವನ ಹೆಸರು ಹಾಕಿದ್ದರು. ಕೆಟ್ಟ ಫೋಟೋ. ಮೂಗಿನ ನೆರಳು ತುಟಿಯ ಮೇಲೆ ಬಿದ್ದಿದೆ. ನಿನ್ನ ಮುಖಕ್ಕೆ ಬೆಳಕು ಎಡದಿಂದ ಬರಬೇಕು ಅಂತ ಅವನಿಗೆ ಯಾರು ಹೇಳಬೇಕು?

ಹೌದು, ಹೊಟ್ಟೆಕಿಚ್ಚು. ಈ ವಯಸ್ಸಿನಲ್ಲಿ ಮುಚ್ಚಿಡುವುದೇನು? ಆದರೆ ನಿನ್ನ ಹೆಸರಿನ ಮೇಲೆ, ಪ್ರಶಸ್ತಿಯ ಮೇಲೆ ಅಂತ ನೀನು ತಿಳಿದಿದ್ದರೆ ಅದು ತಪ್ಪು. ಯಾರ ಮೇಲೆ ಅಂತ ಮುಂದೆ ಬರೆಯುತ್ತೇನೆ, ಸ್ವಲ್ಪ ತಾಳು.

ನೀನು ಮೊದಲ ಸಲ ಈ ಅಂಗಡಿಗೆ ಬಂದದ್ದು ಪಾಸ್‌ಪೋರ್ಟ್ ಫೋಟೋಕ್ಕೇ. ಫ್ಲ್ಯಾಷ್ ಹೊಡೆದಾಗಲೆಲ್ಲ ಕಣ್ಣು ಮುಚ್ಚಿದೆ. ಏಳು ಫೋಟೋ ಹಾಳಾಯಿತು. ಆಮೇಲೆ ಪಿಳಿಪಿಳಿ ನೋಡುತ್ತ, ಆ ಕಡೆ ನಿಂತ್ರೆ ಹೇಗೆ ಕಾಣತ್ತೆ ಅಂತ ಕೇಳಿದೆ. ನಾನು ಎದ್ದು ಜಾಗ ಬಿಟ್ಟೆ. ಅದೇ ನಾನು ಮಾಡಿದ ಎಡವಟ್ಟು. ಆ ಜಾಗದಿಂದ ನೀನು ಮತ್ತೆ ಈಚೆ ಬರಲೇ ಇಲ್ಲ. ಬೆಳಕಿನ ಅಳತೆ, ದೂರದ ಅಳತೆ, ನಾನು ಐದು ವರ್ಷದಲ್ಲಿ ಕಲಿತದ್ದನ್ನು ಐದು ವಾರದಲ್ಲಿ ಕಲಿತೆ. ಕಲಿಸಿದವನಿಗೆ ಹೆಮ್ಮೆ ಆಗಬೇಕು. ಆಯಿತು ಕೂಡ, ನಾಲ್ಕು ವಾರದ ತನಕ.

ನಿನ್ನ ಮೊದಲ ಆರು ಚಿತ್ರಗಳಿಗೆ ಮೈಕು ಹಿಡಿದವನು ನಾನು. ಪರದೆ ತೂಗುಹಾಕುವ ಕೋಲಿಗೆ ಮೈಕು ಕಟ್ಟಿ, ಕಿವಿಗೆ ಹೆಡ್‌ಫೋನು ಹಾಕಿ, ತೋಳು ಸೋತು ಬೀಳುವ ತನಕ ಹಿಡಿದು ನಿಂತಿದ್ದೇನೆ. ಎಲ್ಲಿಗೆ ಹೋದರೂ ಕೊನೆಯಲ್ಲಿ ನಿನ್ನದೊಂದು ಕಟ್ಟಳೆ: ಕೋಣೆಯ ಮೌನ. ಎಲ್ಲರೂ ಇದ್ದಲ್ಲೇ ಇರಬೇಕು, ಕುರ್ಚಿ ಸರಿಸಬಾರದು, ಕೀಲಿಕೈ ಜೇಬಿನಿಂದ ತೆಗೆದಿಡಬೇಕು, ಗಡಿಯಾರ ಬಿಚ್ಚಬೇಕು. ಒಂದು ನಿಮಿಷ ಬರೀ ಸುಮ್ಮನಿರುವುದನ್ನು ರೆಕಾರ್ಡ್ ಮಾಡಬೇಕು. ಜನರ ಮಾತು ಕತ್ತರಿಸಿ ಜೋಡಿಸುವಾಗ ನಡುವೆ ತೂತು ಬೀಳುತ್ತದೆ, ತೂತಿಗೆ ಅದೇ ಕೋಣೆಯ ಮೌನವನ್ನೇ ತೇಪೆ ಹಾಕಬೇಕು, ಒಂದು ಕೋಣೆಯದು ಇನ್ನೊಂದಕ್ಕೆ ಹೊಂದುವುದಿಲ್ಲ ಅಂತ ನೀನು ಎಲ್ಲರಿಗೂ ವಿವರಿಸುತ್ತಿದ್ದೆ. ಆಮೇಲೆ ನನ್ನ ಕಡೆ ತಿರುಗಿ, ರೀ, ಉಸಿರು ಸ್ವಲ್ಪ ಮೆಲ್ಲಗೆ ಬಿಡ್ರೀ, ಕಮ್ಮಾರನ ತಿದಿ ಥರ ಕೇಳ್ತಿದೆ ಅನ್ನುತ್ತಿದ್ದೆ. ಎಲ್ಲರೂ ನಗುತ್ತಿದ್ದರು. ಆ ನಗು ನಿಲ್ಲುವ ತನಕ ಕಾದು ಶುರುಮಾಡುತ್ತಿದ್ದೆವು.

ಆ ಒಂದು ನಿಮಿಷದಲ್ಲಿ ನಿನಗೆ ಮಾಡಲು ಕೆಲಸವಿಲ್ಲ. ಕ್ಯಾಮೆರಾ ಕೆಳಗಿಟ್ಟಿರುತ್ತಿದ್ದೆ. ಎದುರಿಗೆ ಕೂತವರನ್ನು ಸುಮ್ಮನೆ ನೋಡುತ್ತಿದ್ದೆ. ಲಿಫ್ಟ್ ಮೆಕ್ಯಾನಿಕ್ಕನ್ನು ಹಾಗೆ ನೋಡಿದೆ. ಕಿವುಡ ಮಕ್ಕಳ ಶಾಲೆಯ ಆಟದ ಮೇಡಂ ಅನ್ನು ನೋಡಿದೆ. ಅವರ ಮುಖದಲ್ಲಿ ಏನೋ ಸಡಿಲವಾಗುತ್ತಿತ್ತು. ಜನ್ಮದಲ್ಲಿ ಯಾರೂ ತಮ್ಮನ್ನು ಇಷ್ಟು ಹೊತ್ತು ನೋಡಿರಲಿಲ್ಲ ಎಂಬಂತೆ ಆಗಿಬಿಡುತ್ತಿದ್ದರು. ನಾನು ಹೆಡ್‌ಫೋನು ಹಾಕಿಕೊಂಡು ಮೂಲೆಯಲ್ಲಿ ನಿಂತು ಅದನ್ನು ನೋಡುತ್ತಿದ್ದೆ.

ಈಗ ತಿಳಿಯಿತಲ್ಲ, ಯಾರ ಮೇಲೆ ಹೊಟ್ಟೆಕಿಚ್ಚು ಅಂತ. ಲಿಫ್ಟ್ ಮೆಕ್ಯಾನಿಕ್ಕಿನ ಮೇಲೆ. ಆಟದ ಮೇಡಮ್ಮಿನ ಮೇಲೆ. ಸೇತುವೆಗೆ ಬಣ್ಣ ಬಳಿಯುವ ಆ ಅಣ್ಣತಮ್ಮಂದಿರ ಮೇಲೆ. ನೀನು ಜೇನುಹುಳುಗಳ ಮೇಲೆ ಚಿತ್ರ ಮಾಡಿದಾಗ ಹುಳುಗಳ ಮೇಲೆಯೂ. ಆ ಚಿತ್ರದಲ್ಲಿ ಮಾತೇ ಇಲ್ಲವಂತೆ, ನೀನೇ ಗುನುಗಿದ್ದೀಯಂತೆ, ಎರಡು ಕಡೆ ಶ್ರುತಿ ಬಿಟ್ಟಿದೆಯಂತೆ, ಯಾರೋ ಹೇಳಿದರು. ಮೊದಲ ಆರರ ಆಚೆಗೆ ನಿನ್ನ ಒಂದು ಚಿತ್ರವನ್ನೂ ನಾನು ನೋಡಿಲ್ಲ. ವಾರಕ್ಕೆ ಆರು ದಿನ ಅಂಗಡಿ, ಪುರುಸೊತ್ತು ಎಲ್ಲಿ?

ನನ್ನ ಕಸುಬಿನಲ್ಲಿ ಒಬ್ಬರನ್ನು ನೋಡುವುದು ಒಂದು ಕ್ಷಣ. ಮುಂದಿನವರು ಬನ್ನಿ ಅಂದರೆ ಮುಗಿಯಿತು. ನೀನು ಒಬ್ಬರನ್ನು ನಾಲ್ಕು ತಿಂಗಳು ನೋಡುತ್ತೀಯ. ಆ ನಾಲ್ಕು ತಿಂಗಳಲ್ಲಿ ನಾನು ಮೀಸೆ ಬೋಳಿಸಿದ್ದು ನಿನಗೆ ಗೊತ್ತಾಗಲಿಲ್ಲ. ಹನ್ನೊಂದನೇ ದಿನ ಮಗಳು ಹೇಳಿದ ಮೇಲೆ ತಲೆ ಎತ್ತಿ, ಹೌದಲ್ಲ, ಚೆನ್ನಾಗಿದೆ ಅಂದು ಮತ್ತೆ ಪರದೆಗೆ ತಿರುಗಿದೆ. ಪರದೆಯ ಮೇಲೆ ಬೈಂಡರು ಅಂಟು ಕಲಸುತ್ತಿದ್ದ.

ಬೈಂಡರಿನ ಬಗ್ಗೆ ಬರೆಯಲೇಬೇಕು. ಬರೆಯದಿದ್ದರೆ ಈ ಪತ್ರಕ್ಕೆ ಅರ್ಥವಿಲ್ಲ.

ಹಳೆಯ ಪುಸ್ತಕಗಳಿಗೆ ಹೊಸ ರಟ್ಟು ಹಾಕುವವನು, ಹೆಂಡತಿ ತೀರಿಹೋದವನು, ದಿನಕ್ಕೆ ಹತ್ತು ಮಾತು ಆಡಿದರೆ ಹೆಚ್ಚು. ಉಗುರ ಸಂದಿಯಲ್ಲಿ ಯಾವಾಗಲೂ ಒಣಗಿದ ಅಂಟು. ಚೆಂದದವನೇನಲ್ಲ. ನನಗಿಂತ ಕುಳ್ಳ, ಕೂದಲೂ ಕಡಿಮೆ. ಅವನ ಅಂಗಡಿಯಲ್ಲಿ ನೀನು ನಾಲ್ಕು ತಿಂಗಳು ಕೂತೆ. ಮಧ್ಯಾಹ್ನದ ಊಟಕ್ಕೆ ಡಬ್ಬಿ ಬಿಚ್ಚುವುದನ್ನೂ ಮರೆತೆ. ಅವನು ಸೂಜಿಗೆ ದಾರ ಪೋಣಿಸುವಾಗ ನಿನ್ನ ತುಟಿಯೂ ಅವನ ತುಟಿಯಂತೆ ಒಂದು ಬದಿಗೆ ಓಡುತ್ತಿತ್ತು. ಅವನಿಗೂ ನಿನಗೂ ಏನೂ ಇರಲಿಲ್ಲ, ನನಗದು ಚೆನ್ನಾಗಿ ಗೊತ್ತಿತ್ತು. ಏನಾದರೂ ಇದ್ದಿದ್ದರೆ ಜಗಳವಾದರೂ ಆಡಬಹುದಿತ್ತು. ನೋಡುವುದಕ್ಕೆ ಯಾರ ಹತ್ತಿರ ದೂರು ಹೇಳಲಿ?

ಕೊನೆಯ ದಿನ ಅವನು ಬಾಯಿ ಬಿಟ್ಟ. ಮುಕ್ಕಾಲು ಗಂಟೆ ಹೆಂಡತಿಯ ಮಾತೇ ಆಡಿದ. ಅವಳು ಹೊಲಿದು ಅರ್ಧಕ್ಕೆ ಬಿಟ್ಟುಹೋದ ಪುಸ್ತಕವೊಂದನ್ನು ತೋರಿಸಿದ. ಗ್ರಂಥಾಲಯದವರಿಗೆ ವಾಪಸು ಕೊಡಬೇಕು, ಕೈ ಬರುತ್ತಿಲ್ಲ, ಅವಳು ಹಾಕಿದ ಗಂಟಿನ ಮೇಲೆ ನಾನು ಗಂಟು ಹಾಕಬೇಕಲ್ಲ ಅಂದ. ಇದನ್ನ ಇಷ್ಟು ದಿನ ಯಾರಿಗೂ ಹೇಳಿರಲಿಲ್ಲ, ನಾಲ್ಕು ಜನ ಕೇಳಿಸಿಕೊಂಡ್ರೆ ನಂಗೂ ಹಗುರ ಆಗತ್ತಮ್ಮ ಅಂದ. ನೀನು ತಲೆಯಾಡಿಸಿದೆ. ಆಮೇಲೆ ಕೋಣೆಯ ಮೌನ ಅಂದೆ. ಕ್ಯಾಮೆರಾ ಕೆಳಗಿಟ್ಟು ಅವನನ್ನು ನೋಡಲು ಶುರುಮಾಡಿದೆ.

ನಾನು ಗಡಿಯಾರ ಬಿಚ್ಚಲಿಲ್ಲ.

ಮರೆತೆ ಅಂತ ಈ ಪತ್ರದ ಶುರುವಿನಲ್ಲಿ ಬರೆದಿದ್ದೇನೆ. ಅದನ್ನು ಹೊಡೆದುಹಾಕುವುದಿಲ್ಲ, ಇಪ್ಪತ್ತೆರಡು ವರ್ಷ ಹೇಳಿದ ಸುಳ್ಳು ಅದು, ಇನ್ನೊಂದು ಸಲ ಅಲ್ಲೇ ಇರಲಿ. ನಾನು ಮರೆಯಲಿಲ್ಲ. ಅಂಗಿಯ ತೋಳು ಎಳೆದು ಗಡಿಯಾರ ಮುಚ್ಚಿದೆ. ಕೋಲಿನ ಹಿಂತುದಿಯಿಂದ ಎಡಗೈ ತೆಗೆದು, ಗಡಿಯಾರದ ಮಣಿಕಟ್ಟು ಮೈಕು ಕಟ್ಟಿದ ತುದಿಯ ಹತ್ತಿರವೇ ಬರುವಂತೆ ಹಿಡಿದೆ. ಹೆಡ್‌ಫೋನಿನಲ್ಲಿ ಟಿಕ್ ಟಿಕ್ ಅಂತ ಸುತ್ತಿಗೆ ಹೊಡೆದ ಹಾಗೆ ಕೇಳಿಸುತ್ತಿತ್ತು. ನೀನು ಅವನನ್ನೇ ನೋಡುತ್ತಿದ್ದೆ. ನಾನು ಅರವತ್ತು ಟಿಕ್ ಎಣಿಸಿದೆ. ಅರವತ್ತರಲ್ಲಿ ಒಂದರಲ್ಲಾದರೂ ನೀನು ನನ್ನ ಕಡೆ ತಿರುಗಿದ್ದರೆ ನಿಲ್ಲಿಸಿಬಿಡುತ್ತಿದ್ದೆ.

ಮುಂದಿನದು ನಿನಗೆ ಗೊತ್ತು. ಜೋಡಿಸಲು ಕೂತಾಗ ಅವನ ಮಾತಿನ ತೂತುಗಳಿಗೆ ಹಾಕಲು ಮೌನವೇ ಇಲ್ಲ. ಎಲ್ಲಿ ತೇಪೆ ಹಾಕಿದರೂ ಅಲ್ಲಿ ಮಾತ್ರ ಟಿಕ್ ಟಿಕ್. ಮತ್ತೆ ಹೋಗಿ ರೆಕಾರ್ಡ್ ಮಾಡೋಣವೆಂದರೆ ಅವನು ಅಂಗಡಿ ಖಾಲಿ ಮಾಡಿ ಮಗಳ ಮನೆಗೆ ಹೋಗಿಯಾಗಿತ್ತು. ಪುಸ್ತಕಗಳಿಲ್ಲದ ಖಾಲಿ ಕೋಣೆ ಬೇರೆ ಥರ ಮೊಳಗುತ್ತಿತ್ತು, ಹೊಂದಲೇ ಇಲ್ಲ. ಒಂದು ತಿಂಗಳು ಹೆಣಗಿದೆ. ಕಡೆಗೆ ಅವನ ಮಾತನ್ನೆಲ್ಲ ತೆಗೆದುಹಾಕಿದೆ. ಬರೀ ಕೈ, ಸೂಜಿ, ದಾರ, ಕಾಗದದ ಸದ್ದು. ಒಂದು ಮಾತೂ ಆಡದ ಮನುಷ್ಯನ ಐವತ್ತು ನಿಮಿಷದ ಚಿತ್ರ.

ಅದಕ್ಕೇ ಅಲ್ಲವೇ ನಿನಗೆ ಮೊದಲ ದೊಡ್ಡ ಪ್ರಶಸ್ತಿ ಬಂದದ್ದು! ಮಾತಿಲ್ಲದೆ ಎಲ್ಲ ಹೇಳಿದ ದಿಟ್ಟತನ ಅಂತ ಬರೆದವರೇ ಬರೆದವರು. ಅಲ್ಲಿಂದ ನಿನ್ನ ದಾರಿ ತೆರೆಯಿತು. ನಾನು ಹಾಳು ಮಾಡಲು ಹೋದದ್ದೇ ನಿನ್ನನ್ನು ಎತ್ತಿ ನಿಲ್ಲಿಸಿತು. ಇದನ್ನು ಯಾರ ಮುಂದೆ ಹೇಳಿಕೊಳ್ಳಲಿ? ಪ್ರಶಸ್ತಿಯಲ್ಲಿ ನನ್ನದೂ ಪಾಲಿದೆ ಅಂತ ಕೇಳಲೂ ಆಗದು, ಸುಮ್ಮನಿರಲೂ ಆಗದು. ಸಮಾರಂಭದಲ್ಲಿ ಮೊದಲ ಸಾಲಿನಲ್ಲಿ ಕೂತು ಚಪ್ಪಾಳೆ ತಟ್ಟಿದೆ. ಬೈಂಡರೂ ಬಂದಿದ್ದ. ಚಿತ್ರ ಮುಗಿದ ಮೇಲೆ ನಿನ್ನ ಹತ್ತಿರ ಏನೂ ಕೇಳಲಿಲ್ಲ. ಹೊರಗೆ ಮೆಟ್ಟಿಲ ಹತ್ತಿರ ನನ್ನನ್ನು ಹಿಡಿದು, ನನ್ನ ಮಾತು ಅಷ್ಟು ಕೆಟ್ಟದಾಗಿತ್ತಾ ಸ್ವಾಮಿ ಅಂತ ಕೇಳಿದ. ರೆಕಾರ್ಡಿಂಗ್ ಕೆಟ್ಟಿತ್ತು ಅಂದೆ. ಓಹೋ, ಮೆಷಿನ್ನು ಅಂದ್ರೆ ಹಾಗೇ ಅಂತ ಸಮಾಧಾನ ಮಾಡಿದ. ನನಗೇ ಸಮಾಧಾನ ಮಾಡಿದ, ಪಿಳಿಪಿಳಿ. ಆ ಮೇಲೆ ನಾನು ಮೈಕು ಹಿಡಿಯಲಿಲ್ಲ. ಭುಜ ನೋವು ಅಂದೆ. ನೀನು ತಿಂಗಳುಗಟ್ಟಲೆ ಹೊರಗೆ ಉಳಿದೆ, ನೀನು ಮನೆಯಲ್ಲಿ ಇದ್ದಾಗಲೆಲ್ಲ ನಾನು ಗೊಣಗಿದೆ, ಮೂರು ವರ್ಷದಲ್ಲಿ ನೀನು ಎಡಿಟಿಂಗ್ ಕೋಣೆಯ ಪಕ್ಕದಲ್ಲೇ ಮನೆ ಮಾಡಿದೆ. ನೀನು ಮನೆ ಬಿಟ್ಟೆ ಅಂತ ಎಲ್ಲರಿಗೂ ಹೇಳಿಕೊಂಡು ಬಂದಿದ್ದೇನೆ. ಬೈಂಡರಿನ ಮುಂದೆ ಸುಳ್ಳು ಹೇಳಿದ ದಿನವೇ ನಾನು ನಿನ್ನನ್ನು ಬಿಟ್ಟಿದ್ದೆ. ನಿನ್ನ ಕಣ್ಣಿಗೆ ಬೀಳಲು ಆಮೇಲೆ ನನಗೇ ಹೆದರಿಕೆ. ಅಲ್ಲಿಯ ತನಕ ಯಾವುದನ್ನು ಬೇಡಿಕೊಂಡಿದ್ದೆನೋ ಅದಕ್ಕೇ ಹೆದರಿ ಓಡಿದೆ.

ಈ ಪತ್ರ ಮುಗಿಸುವ ಧೈರ್ಯ ಬಂದದ್ದು ಮಗಳು ಹೇಳಿದ ಒಂದು ಮಾತಿನಿಂದ. ಈಗ ಅವಳೇ ತಾನೇ ನಿನ್ನ ಎಲ್ಲ ಓಡಾಟ ನೋಡಿಕೊಳ್ಳುವವಳು. ನಿನ್ನೆ ಫೋನ್ ಮಾಡಿ, ಅಪ್ಪಾ, ಸಹಿ ಎಲ್ಲಿ, ಏಪ್ರಿಲ್ ಎರಡಕ್ಕೆ ಪ್ರದರ್ಶನ, ನೀನು ಒಪ್ಪದಿದ್ರೆ ಅಮ್ಮ ಆ ಮೂರು ನಿಮಿಷ ತೆಗೆದುಹಾಕ್ತಾಳಂತೆ ಅಂದಳು. ಮೂವತ್ತು ವರ್ಷದ ಕೋಣೆಗಳ ಮೌನವನ್ನೆಲ್ಲ ಸಾಲಾಗಿ ಜೋಡಿಸಿ ಮಾಡಿದ ಚಿತ್ರವಂತೆ. ತೆಗೆದರೆ ತೆಗೆಯಲಿ, ನನ್ನ ಉಸಿರು ಕೇಳಲು ಯಾರು ಕಾದಿದ್ದಾರೆ ಅಂದೆ. ಆಗ ಹೇಳಿದಳು, ಮೂರನೇ ನಿಮಿಷದ ಮೇಲೆ ಬೈಂಡರ ಮಾತಿದೆ ಅಂತ. ಅಪ್ಪಾ, ನಿನ್ನ ಗಡಿಯಾರದ ಆ ಒಂದೇ ನಿಮಿಷವನ್ನು ಅಮ್ಮ ಮತ್ತೆ ಮತ್ತೆ ಜೋಡಿಸಿ ಹಾಸಿದ್ದಾಳೆ, ಅದರ ಮೇಲೆ ಅವನ ಮಾತು ಕೂರಿಸಿದ್ದಾಳೆ, ಶುರುವಿಂದ ಕೊನೆ ತನಕ ಟಿಕ್ ಟಿಕ್ ಇದ್ದರೆ ತೂತು ಗೊತ್ತಾಗಲ್ಲ ಅಂತ. ಬೈಂಡರು ತೀರಿಹೋಗಿ ಎಂಟು ವರ್ಷ ಆಯಿತಂತೆ. ಅವನ ಮಗಳು ಆಗಲೇ ಸಹಿ ಹಾಕಿದ್ದಾಳಂತೆ, ಅಪ್ಪನ ದನಿ ಕೇಳಿ ಅತ್ತಳಂತೆ.

ನಾನು ತಲೆ ಕೆರೆದುಕೊಂಡು ಕೇಳಿದೆ, ಈಗಿನ ಕಾಲದಲ್ಲಿ ಗಡಿಯಾರದ ಸದ್ದು ಅಳಿಸಲು ಬರುವುದಿಲ್ಲವೇ ಎಂದು. ಬರತ್ತೆ ಅಪ್ಪಾ, ಎರಡು ನಿಮಿಷದ ಕೆಲಸ, ನಾನೇ ಅಳಿಸ್ತೀನಿ ಅಂದೆ, ಅಮ್ಮ ಬೇಡ ಅಂದ್ಲು, ಅದು ನಿಮ್ಮಪ್ಪ, ಇರಲಿ ಬಿಡು ಅಂದ್ಲು, ಅಂತ ಮಗಳು ಹೇಳಿದಳು.

ಫೋನಿಟ್ಟ ಮೇಲೆ ಬಹಳ ಹೊತ್ತು ಗಿರಾಕಿಗಳ ಸ್ಟೂಲಿನ ಮೇಲೆ ನಾನೇ ಕೂತಿದ್ದೆ. ಹಾಗಾದರೆ ನಿನಗೆ ಗೊತ್ತಿತ್ತು. ಮರೆತವನ ಗಡಿಯಾರ ಕೋಲಿನ ಹಿಂತುದಿಯಲ್ಲಿರುತ್ತದೆ, ಮೈಕಿನ ಪಕ್ಕದಲ್ಲಿ ಇರುವುದಿಲ್ಲ. ಸದ್ದು ಎಷ್ಟು ಹತ್ತಿರದ್ದು ಅಂತ ತಿಳಿಯದಷ್ಟು ಕಿವುಡಿ ನೀನಲ್ಲ. ಇಪ್ಪತ್ತೆರಡು ವರ್ಷ ಒಂದು ಮಾತು ಆಡಲಿಲ್ಲ. ಆ ಟೇಪನ್ನು ಎಸೆಯಲೂ ಇಲ್ಲ. ನಾನು ಗೊಣಗುತ್ತ ಇದ್ದಷ್ಟೂ ಕಾಲ ನೀನು ನನ್ನನ್ನು ಒಂದು ಡಬ್ಬಿಯಲ್ಲಿ ಜೋಪಾನವಾಗಿ ಇಟ್ಟುಕೊಂಡಿದ್ದೆ. ನಾಚಿಕೆಯಿಂದ ಮುಖ ಎತ್ತಲು ಆಗುತ್ತಿಲ್ಲ. ಆದರೂ ನಿಜ ಹೇಳುತ್ತೇನೆ, ನಾಚಿಕೆಯ ಹಿಂದೆಯೇ ಇನ್ನೊಂದು ಯೋಚನೆ ಬಂತು: ಬೈಂಡರಿಗೆ ಇನ್ನೂ ಮುಕ್ಕಾಲು ಗಂಟೆ, ನನಗೆ ಬರೀ ಮೂರು ನಿಮಿಷವೇ? ನೋಡು, ಈ ರೋಗಕ್ಕೆ ಮದ್ದಿಲ್ಲ.

ಆದ್ದರಿಂದ ನನ್ನದೊಂದು ಷರತ್ತು. ನೀನು ಇಷ್ಟೆಲ್ಲ ಕೋಣೆಗಳ ಮೌನ ಹಿಡಿದಿದ್ದೀಯ. ನಿನಗೆ ಕ್ಯಾಮೆರಾ ಕಲಿಸಿದ ಈ ಕೋಣೆಯದು ಮಾತ್ರ ನಿನ್ನ ಹತ್ತಿರ ಇಲ್ಲ. ಅದೇ ನೀಲಿ ಪರದೆ, ಟೈ ಇಲ್ಲದೆ ಬಂದವರಿಗೆ ಹಾಕಿಸುವ ಅದೇ ಕೋಟು, ತಲೆ ಬಾಚಿಕೊಳ್ಳುವ ಅದೇ ಕನ್ನಡಿ, ಮೂಲೆ ಒಡೆದಿದೆ ಅಷ್ಟೇ. ಯಾವಾಗಲಾದರೂ ಒಂದು ಬೆಳಿಗ್ಗೆ ಬಾ. ಕ್ಯಾಮೆರಾ ತರಬೇಡ. ನಾನು ಸ್ಟೂಲಿನ ಮೇಲೆ ಕೂರುತ್ತೇನೆ. ನೀನು ನಾನು ನಿಲ್ಲುವ ಜಾಗದಲ್ಲಿ ನಿಂತು ಒಂದು ನಿಮಿಷ, ಪೂರ್ತಿ ಒಂದು ನಿಮಿಷ, ನೋಡಬೇಕು. ಉಸಿರು ಮೆಲ್ಲಗೆ ಬಿಡುತ್ತೇನೆ. ಗಡಿಯಾರ ಬಿಚ್ಚಬೇಕೋ ಇಟ್ಟುಕೊಳ್ಳಬೇಕೋ ನೀನೇ ಹೇಳು. ಇದಕ್ಕೆ ಒಪ್ಪಿದರೆ ಮಾತ್ರ ನನ್ನ ಸಹಿ.

ಮತ್ತೆ, ನಿನ್ನ ಇನ್ನೊಂದು ಚಿತ್ರದಲ್ಲಿ ಆಂಬುಲೆನ್ಸ್ ಚಾಲಕ ಗಾಡಿಯಲ್ಲಿ ಕೂತು ಕಿತ್ತಳೆ ಸುಲಿಯುವುದನ್ನು ಸಿಪ್ಪೆ ಕೊನೆಯಾಗುವ ತನಕ ತೋರಿಸಿದ್ದೀಯಂತೆ, ಯಾರೋ ಹೇಳಿದರು. ಒಳ್ಳೆಯ ಕೆಲಸ. ಅವನ ಮೇಲೂ ಹೊಟ್ಟೆಕಿಚ್ಚಾಯಿತು.

ಇಂತಿ,
ನಿನ್ನ ಗೊಣಗಪ್ಪ

ಮತ್ತೆ ಬರೆದದ್ದು: ಒಪ್ಪಿಗೆ ಪತ್ರ ಇದರೊಳಗೇ ಮಡಚಿಟ್ಟಿದ್ದೇನೆ. ಸಹಿ ಆಗಿದೆ. ಪಕ್ಕದಲ್ಲಿ ಮಾರ್ಚ್ ಎಂಟು ಅಂತ ಇರುವುದು ತಪ್ಪಿ ಬರೆದದ್ದಲ್ಲ, ಅವತ್ತೇ ಲಕೋಟೆ ಬಂದದ್ದು, ಬಾಗಿಲಿಗೆ ಬೋರ್ಡು ಹಾಕಿ ಕೂತವನು ಮೊದಲು ಮಾಡಿದ್ದು ಅದನ್ನೇ. ಉಳಿದ ಹನ್ನೊಂದು ದಿನ ಈ ಪತ್ರ ಬರೆಯಲು ಹಿಡಿಯಿತು. ಷರತ್ತು ಅಂದದ್ದು ಷರತ್ತಲ್ಲ, ಕೇಳಿಕೊಂಡದ್ದು. ಇನ್ನು, ಯಾರೋ ಹೇಳಿದರು ಅಂತ ಬರೆದಿದ್ದೇನಲ್ಲ, ಆ ಯಾರೋ ನಾನೇ. ಈ ತನಕದ ನಿನ್ನ ಹದಿನಾಲ್ಕು ಚಿತ್ರವನ್ನೂ ನೋಡಿದ್ದೇನೆ, ಆರರ ಆಚೆಗಿನ ಎಂಟನ್ನು ಕೊನೆಯ ಸಾಲಿನಲ್ಲಿ, ಬಾಗಿಲ ಪಕ್ಕದ ಕುರ್ಚಿಯಲ್ಲಿ ಕೂತು. ಪ್ರತಿ ಸಲವೂ ದೀಪ ಆರುವ ಮುಂಚೆ ಗಡಿಯಾರ ಬಿಚ್ಚಿ ಕರವಸ್ತ್ರದಲ್ಲಿ ಸುತ್ತಿ ಜೇಬಿಗೆ ಹಾಕಿಕೊಳ್ಳುತ್ತಿದ್ದೆ.